ದುಂಡ ಹೊತ್ತ ಗುಂಡಿನ ಚೀಲ

ಬನ್ನಿ, ಬನ್ನಿ, ಕಾಲು ಮಡಿಸ್ಕೊಂಡು ಕೂತ್ಕೊಳ್ಳಿ. ಲೇ ಪುಟ್ಟೀ, ಆ ಕಡ್ಲೆಕಾಯಿ ಸಿಪ್ಪೆ ನೆಲಕ್ಕೆ ಹಾಕ್ಬೇಡ, ಮಡಿಲಲ್ಲೇ ಇಟ್ಕೊ. ಯಾರಿಗೆ ಆಕಳಿಕೆ ಬರ್ತದೋ ಅವರು ಈಗ್ಲೇ ಆಕಳಿಸಿ ಮುಗಿಸಿ. ನಡುವೆ ಬಾಯಿ ತೆಗೆದ್ರೆ ನಾನು ಕತೆ ನಿಲ್ಲಿಸ್ತೀನಿ. ಆಯ್ತಾ? ಹ್ಞೂಂ, ಕೇಳಿ ಮತ್ತೆ.

ಕಲ್ಲಿಗನಹುಂಡೀಲಿ ಸಣ್ಣತಾಯಮ್ಮ ಅಂತ ಒಬ್ಬಳು. ಗಂಡ ಇಲ್ಲ. ಒಂದು ಹೊಲಿಗೆ ಮಿಷನ್ನು, ಒಬ್ಬ ಮಗ. ಮಿಷನ್ನು ಹೇಳಿದ ಹಾಗೆ ಕೇಳ್ತಿತ್ತು. ಮಗ ಅದಕ್ಕಿಂತ ಹೆಚ್ಚು ಹೇಳಿದ ಹಾಗೆ ಕೇಳ್ತಿದ್ದ. ಅದೇ ಅವಳ ಗೋಳು. ಅವನ ಹೆಸರು ದುಂಡ. ಇಪ್ಪತ್ತೆರಡು ವರ್ಷದ ಆಳು, ಎತ್ತಿನ ಹಾಗೆ ಮೈ, ಎಳೆಗರುವಿನ ಹಾಗೆ ಬುದ್ಧಿ. "ಒಲೆ ನೋಡ್ತಿರೋ" ಅಂದ್ರೆ ನೋಡ್ತಾ ಕೂರೋನು. ಹಾಲು ಉಕ್ಕಿ, ಒಲೆ ಆರಿ, ಬೂದಿ ತಣ್ಣಗಾದ್ರೂ ನೋಡ್ತಾನೇ ಇರೋನು.

"ನಾನು ಕಣ್ಮುಚ್ಚಿದ್ ಮೇಲೆ ಇವನ ಗತಿ ಏನವ್ವಾ?" ಅಂತ ಸಣ್ಣತಾಯಮ್ಮ ನೀರು ಸೇದುವಾಗ ಅಳೋಳು, ಬಟ್ಟೆ ಒಗೆಯುವಾಗ ಅಳೋಳು. ಅವಳ ತಮ್ಮ ಒಬ್ಬ ಇದ್ದ. "ಅಕ್ಕಾ, ಮಿಷನ್ನು ಮಾರಿಬಿಡು. ಇವನನ್ನ ನನ್ನ ಎಮ್ಮೆ ಕಾಯೋಕೆ ಕಳಿಸು, ಕೊಟ್ಟಿಗೇಲಿ ಬಿದ್ದಿರ್ತಾನೆ" ಅಂತಿದ್ದ. ಆ ತಮ್ಮನ ಮನೇಲಿ ಎಮ್ಮೆಗೇ ಹೊಟ್ಟೆ ತುಂಬ ಹುಲ್ಲಿಲ್ಲ, ದುಂಡನಿಗೆ ಅನ್ನ ಎಲ್ಲಿಂದ?

ಹೀಗಿರುವಾಗ ಊರ ಮೇಲಿನ ಬೆಟ್ಟದಲ್ಲಿ ಕಾಡುಗಳ್ಳರನ್ನ ಹಿಡಿಯೋಕೆ ಪೊಲೀಸಿನವರ ದಂಡು ಬಂದು ಬೀಡುಬಿಟ್ಟಿತು. ದಂಡಿಗೆ ಸುಬೇದಾರ್ ಮುದ್ದುವೀರಯ್ಯನವರು ಅಂತ ಒಬ್ಬರು ದೊಡ್ಡ ಮೀಸೆಯವರು. ಒಂದು ದಿನ ಅವರೇ ಇಳಿದು ಬಂದ್ರು.

"ಏನಮ್ಮಾ, ನಿಮ್ಮ ಹೊಲಿಗೆ ಗಟ್ಟಿ ಅಂತಾರೆ. ನಮ್ಮ ಹುಡುಗರಿಗೆ ಸೊಂಟಕ್ಕೆ ಕಟ್ಟೋ ಚೀಲ ಬೇಕು. ರೈಫಲ್ಲಿಗೆ ಸಿಕ್ಕಿಸ್ತೀವಲ್ಲ, ಗುಂಡು ತುಂಬಿದ ಡಬ್ಬಿ, ಮ್ಯಾಗಜಿನ್ನು, ಅದು ಮೂರು ಹಿಡೀಬೇಕು. ಪೇಟೆಯಿಂದ ಒಂದು ಮಾದರಿ ಬಂದದೆ. ನೀವೂ ಒಂದು ಹೊಲೀರಿ. ಎರಡನ್ನೂ ಪರೀಕ್ಷೆ ಮಾಡ್ತೀನಿ. ಗೆದ್ದವರಿಗೆ ಇನ್ನೂರು ಚೀಲದ ಕೆಲಸ. ಆಮೇಲೆ ದಂಡಿನ ಹೊಲಿಗೆ ಎಲ್ಲಾ ಅವರಿಗೇ, ಅಲ್ಲೇ ಒಂದು ಕೊಠಡೀನೂ ಕೊಡ್ತೀನಿ."

ಸಣ್ಣತಾಯಮ್ಮನ ಜೀವಕ್ಕೆ ಜೀವ ಬಂತು. ಕೊಠಡಿ ಸಿಕ್ಕರೆ ನೂಲು ಎಳೀತಾ, ಗಂಟು ಹಾಕ್ತಾ ದುಂಡನೂ ಬದುಕ್ಕೊಳ್ತಾನೆ! ಗಾಡಿ ಮೇಲೆ ಹೊದಿಸೋ ದಪ್ಪ ಬಟ್ಟೆ ತಂದಳು. ಮೂರು ಖಾನೆ, ಮೂರು ಮುಚ್ಚಳ, ಮೂರು ಟಿಚ್ ಬಟನ್. ಎರಡೆರಡು ಸಲ ಮಿಷನ್ನು ಹೊಡೆದಳು. ಆದರೆ ಬೆಟ್ಟ ಹತ್ತೋಕೆ ಆಗ್ಬೇಕಲ್ಲ? ಕಾಲಿಗೆ ಜಾಲಿಮುಳ್ಳು ಮುರಿದು ಪಾದ ಕುಂಬಳಕಾಯಿ ಆಗಿತ್ತು.

"ಲೋ ದುಂಡಾ, ನೀನೇ ಹೋಗಬೇಕು ಕಣಪ್ಪಾ. ಎಲ್ಲೂ ಕೆಳಗಿಡಬೇಡ. ಸುಬೇದಾರರ ಕೈಗೇ ಕೊಡು. ತಿಳೀತಾ? ಕೈಗೇ!"

"ತಿಳೀತು ಕಣವ್ವ, ಕೈಗೇ!"

ಹೊರಟ ದುಂಡ. ಕೈಗೇ, ಕೈಗೇ, ಕೈಗೇ ಅಂತ ಬೆಟ್ಟ ಹತ್ತಿದ. ಹೋದರೆ ಸುಬೇದಾರರು ಊಟಕ್ಕೆ ಕೂತವರೆ. ಮೊಣಕೈ ತನಕ ಹುರುಳಿ ಸಾರು.

"ಬಾರಪ್ಪಾ, ಆ ಮೇಜಿನ ಮೇಲೆ ಇಡು."

"ಇಲ್ಲ ಬುದ್ಧೀ, ಕೈಗೇ ಕೊಡು ಅಂದವಳೆ ನಮ್ಮವ್ವ."

"ಕೈ ಎಂಜಲು ಕಣಯ್ಯಾ! ಅಲ್ಲಿಡು!"

"ಇಲ್ಲ ಬುದ್ಧೀ, ಕೈಗೇ!" ಅಂದವನೇ ಮಣಿಕಟ್ಟು ಹಿಡಿದು, ಬೆರಳು ಬಿಡಿಸಿ, ಸಾರಿನ ಕೈಗೆ ಚೀಲ ತುರುಕಿದ! ಸಾರು ಚೀಲಕ್ಕೆ, ಚೀಲ ತಟ್ಟೆಗೆ, ತಟ್ಟೆ ನೆಲಕ್ಕೆ. ದಂಡಿನ ಅಡುಗೆಮನೆ ನಾಯಿ ಟೈಗರ್ ಓಡಿ ಬಂದು ತಟ್ಟೆ ನೆಕ್ಕಿತು, ಚೀಲಾನೂ ನೆಕ್ಕಿತು, ದುಂಡನ ಕಾಲೂ ನೆಕ್ಕಿತು.

ಸುಬೇದಾರರು ಮೀಸೆ ಒರೆಸ್ಕೊಂಡು, "ಲೋ ಮಾರಾಯಾ! ತಗೋ ಮೂರು ಖಾಲಿ ಡಬ್ಬಿ. ಚೀಲ ತೊಳೆದು, ಇವನ್ನ ತುಂಬ್ಕೊಂಡು ನಾಳೆ ಓಡ್ತಾ ಬಾ. ಒಂದೂ ಬೀಳಕೂಡದು!" ಅಂದ್ರು.

ಸಣ್ಣತಾಯಮ್ಮ ಹಣೆ ಹಣೆ ಚಚ್ಚಿಕೊಂಡಳು. "ಅಯ್ಯೋ ಮೂದೇವೀ! ಉಣ್ಣೋ ಕೈಗೆ ಯಾರಾದ್ರೂ ಕೊಡ್ತಾರೇನ್ಲಾ? ಹೋಗ್ಲಿ, ನಾಳೆ ಡಬ್ಬಿ ಬೀಳದ ಹಾಗೆ ಭದ್ರ ಮಾಡ್ಕೊಂಡು ಹೋಗು. ಭದ್ರ!"

"ಭದ್ರ ಕಣವ್ವ!"

ಬೆಳಗಾಯ್ತು. ದುಂಡ ಯೋಚನೆ ಮಾಡಿದ. ಬಟನ್ ಹಾಕಿದ್ರೆ ಭದ್ರ. ಹೊಲಿದ್ರೆ ಇನ್ನೂ ಭದ್ರ ಅಲ್ವಾ? ಗೋಣಿ ಹೊಲಿಯೋ ದಬ್ಬಳ ತಗೊಂಡ, ಸೆಣಬಿನ ಹುರಿ ಪೋಣಿಸಿದ, ಮೂರು ಮುಚ್ಚಳಕ್ಕೂ ಚುಚ್ಚು ಚುಚ್ಚು ಅಂತ ಹೊಲಿಗೆ ಹಾಕಿದ. ಓಡಿದ. ಕಲ್ಲು ಹಾರಿದ, ಹಳ್ಳ ಹಾರಿದ. ಒಂದೂ ಬೀಳಲಿಲ್ಲ!

"ಭೇಷ್! ಎಲ್ಲಿ, ಒಂದು ಡಬ್ಬಿ ತೆಗೀ ನೋಡಾಣ" ಅಂದ್ರು ಸುಬೇದಾರರು.

"ಬರಲ್ಲ ಬುದ್ಧೀ. ಹೊಲಿದಿವ್ನಿ."

"ಹೊಲಿದಿದ್ದೀಯಾ! ಎದುರುಗಡೆ ಕಾಡುಗಳ್ಳ ಗುರಿ ಇಟ್ಟು ನಿಂತಿದ್ರೆ ಏನೋ ಮಾಡೋದು?"

"ಕತ್ತರಿ ತರೋ ತನಕ ತಡಿ ಅಂತ ಹೇಳೋದು ಬುದ್ಧೀ."

ಪೊಲೀಸಿನವರು ಹೊಟ್ಟೆ ಹಿಡ್ಕೊಂಡು ನಕ್ಕರು. ಸುಬೇದಾರರು ನಗಲಿಲ್ಲ. "ಕೈ ಹಾಕಿದ ತಕ್ಷಣ ಜಾರಿ ಬರಬೇಕು ಕಣಯ್ಯಾ, ಜಾರಿ! ಪೇಟೆ ಚೀಲ ನೋಡು, ಹೆಂಗೆ ಬರ್ತದೆ!" ಅಂತ ಮೇಜಿನ ಮೇಲಿದ್ದ ಮಿರಮಿರ ಮಿಂಚೋ ಚೀಲ ತೋರಿಸಿದ್ರು.

ಸಣ್ಣತಾಯಮ್ಮ ಹೊಲಿಗೆ ಬಿಚ್ಚುತ್ತಾ ಬಿಚ್ಚುತ್ತಾ ಬೈದಳು. "ನನ್ನ ಹೊಟ್ಟೇಲಿ ಯಾಕಾದ್ರೂ ಹುಟ್ಟಿದ್ಯೋ! ನಾಳೆ ಜಾರಿ ಬರೋ ಹಾಗೆ ಇಟ್ಕೊಂಡು ಹೋಗೋ ನನ್ನಪ್ಪಾ. ಜಾರಿ!"

"ಜಾರಿ ಕಣವ್ವ!"

ಜಾರೋದು ಯಾವುದು? ಹರಳೆಣ್ಣೆ! ದುಂಡ ಕುಡಿಕೆ ಬಗ್ಗಿಸಿ ಖಾನೆ ಖಾನೆಗೂ ಹರಳೆಣ್ಣೆ ಹುಯ್ದ. ಬಟನ್ ಹಾಕಿದ್ರೆ ಜಾರೋದು ಹೇಗೆ ಅಂತ ಮುಚ್ಚಳಾನೂ ತೆರೆದಿಟ್ಟ. ಹತ್ತು ಹೆಜ್ಜೆಗೆ ಒಂದು ಡಬ್ಬಿ ಪುಳಕ್! ಎತ್ತಿ ಹಾಕಿದ. ಇನ್ನು ಹತ್ತು ಹೆಜ್ಜೆಗೆ ಇನ್ನೊಂದು ಪುಳಕ್! ಎಣ್ಣೆಯೊಳಗೆ ಡಬ್ಬಿ ಡಬ್ಬಿ ಹೊಯ್ದಾಡಿ ಟಕಟಕ, ಟಕಟಕ. ಬೆಟ್ಟದ ಕೋತಿಗಳೆಲ್ಲ ಮರ ಬಿಟ್ಟು ಓಡಿದವು.

ಸುಬೇದಾರರು ಕೈ ಹಾಕಿದ್ರೋ ಇಲ್ಲವೋ, ಡಬ್ಬಿ ಕಪ್ಪೆ ಹಾಗೆ ನೆಗೆದು ಚಹಾ ಕುದೀತಿದ್ದ ಪಾತ್ರೆಯೊಳಗೆ ಡುಬುಕ್!

"ನೋಡಿ ಬುದ್ಧೀ, ಹೆಂಗೆ ಜಾರ್ತು!" ಅಂತ ದುಂಡ ಹಲ್ಲು ಕಿರಿದ.

"ಲೋ! ನೀನು ಬುಡದಲ್ಲಿದ್ದಾಗಲೇ ಆ ಟಕಟಕ ಇಲ್ಲಿಗೆ ಕೇಳಿಸ್ತಲ್ಲೋ! ಕಳ್ಳನಿಗೆ ತಮಟೆ ಹೊಡೆದು ಹೇಳಿದ ಹಾಗೆ! ಚೀಲ ಸದ್ದು ಮಾಡಕೂಡದು. ಬೀಳಲೂ ಕೂಡದು, ಜಾರಿ ಬರಲೂ ಬೇಕು. ನಾಳೆ ಕೊನೇ ದಿನ. ನಿಮ್ಮವ್ವನ್ನೂ ಬರಹೇಳು. ನಾಳೆಯೂ ಹೀಗೇ ಆದ್ರೆ ಪೇಟೆ ಚೀಲಾನೇ ಖಾಯಂ!"

ಈ ಸಲ ಸಣ್ಣತಾಯಮ್ಮ ಬೈಯಲಿಲ್ಲ. ಸೀಗೆಪುಡಿ ಹಾಕಿ ಚೀಲ ಉಜ್ಜಿದಳು, ಉಜ್ಜುತ್ತಾ ಉಜ್ಜುತ್ತಾ ಕಣ್ಣೊರೆಸಿಕೊಂಡಳು. ಮಿಷನ್ನಿನ ತಲೆ ಸವರಿದಳು. ಆಮೇಲೆ ಮೆಲ್ಲಗೆ, "ದುಂಡಾ, ಸದ್ದಾಗೋದು ನನ್ನದೇ ತಪ್ಪು ಕಣೋ, ಖಾನೆ ಒಂಚೂರು ಸಡಿಲ ಅದೆ. ಹೊರಡುವಾಗ ಡಬ್ಬಿ ಸುತ್ತ ಮೆತ್ತಗಿರೋದು ಏನಾದ್ರೂ ತುರುಕು. ಬಟನ್ ಹಾಕು. ನಾನು ಗಾಡಿ ಕೇಳ್ಕೊಂಡು ಹಿಂದಿನಿಂದ ಬರ್ತೀನಿ" ಅಂದಳು. ಹಳೇ ಸೀರೆ ಚೂರು ಮೊಳೆಗೇ ನೇತುಹಾಕಿದ್ದಳು, ಅವನು ನೋಡ್ಲಿ ಅಂತ. ಆದ್ರೆ ಇದೇ ಅಂತ ಬಾಯಿಬಿಟ್ಟು ಹೇಳಲಿಲ್ಲ ನೋಡಿ! ಅಲ್ಲೇ ಕೆಟ್ಟಳು.

ದುಂಡ ಸೀರೆ ಚೂರು ಮುಟ್ಟಿದ. ಮೆತ್ತಗಿತ್ತು. ಪಕ್ಕದಲ್ಲಿ ಬಿಸಿ ಬಿಸಿ ರಾಗಿಮುದ್ದೆ ಇತ್ತು. ಅದನ್ನೂ ಮುಟ್ಟಿದ. ಅದು ಇನ್ನೂ ಮೆತ್ತಗಿತ್ತು!

ಅಯ್ಯೋ, ನಗ್ಬೇಡಿ, ತಡೀರಿ. ಮೂರು ಖಾನೆಗೂ ಮುದ್ದೆ ಮೆತ್ತಿ, ಡಬ್ಬಿ ಒತ್ತಿ, ಮೇಲೆ ಇನ್ನಷ್ಟು ಮೆತ್ತಿ, ಬಟನ್ ಹಾಕಿ ಹೊರಟ. ಓಡಿದ. ಟಕ್ಕೂ ಇಲ್ಲ, ಪುಳಕ್ಕೂ ಇಲ್ಲ.

ಗಾಡಿಯಿಂದ ಇಳಿದ ಸಣ್ಣತಾಯಮ್ಮ ಉಸಿರು ಬಿಗಿಹಿಡಿದು ನಿಂತಿದ್ದಳು. ಸುಬೇದಾರರು ಕಿವಿ ಕೊಟ್ಟು ಕೇಳಿದ್ರು. "ಸದ್ದೇ ಇಲ್ವಲ್ಲಮ್ಮಾ! ಬಲು ಚೆನ್ನಾಗದೆ!" ಅವಳ ಮುಖ ಅರಳಿತು. ಸುಬೇದಾರರು ಮುಚ್ಚಳ ತೆರೆದು ಕೈ ಹಾಕಿದ್ರು. ಎಳೆದ್ರು. ಬರಲಿಲ್ಲ. ಇನ್ನೂ ಎಳೆದ್ರು. ಬೆರಳೂ ಬರಲಿಲ್ಲ!

"ಇದೇನಮ್ಮಾ ಒಳಗೆ?"

"ಮುದ್ದೆ ಬುದ್ಧೀ" ಅಂದ ದುಂಡ. "ಮನೇಲಿ ಅದಕ್ಕಿಂತ ಮೆತ್ತಗಿರೋದು ಇರಲಿಲ್ಲ."

ಸಣ್ಣತಾಯಮ್ಮ ತಲೆ ಮೇಲೆ ಕೈಹೊತ್ತು ಕೂತಳು. ಹೋಯ್ತು ಮಿಷನ್ನು, ಹೋದ ಮಗ ಎಮ್ಮೆ ಕೊಟ್ಟಿಗೆಗೆ ಅಂದುಕೊಂಡಳು. ಅಷ್ಟರಲ್ಲಿ ಟೈಗರ್ ಬಂತು. ಮುದ್ದೆ ವಾಸನೆ! ಹಾರಿ ಚೀಲ ಕಚ್ಚಿ ಕಿತ್ಕೊಂಡು ಓಡಿತು. "ನಾಯಣ್ಣಾ, ನಿಲ್ಲೋ! ನಮ್ಮವ್ವನ ಚೀಲ ಕಣೋ!" ಅಂತ ದುಂಡ ಹಿಂದೆ. ದುಂಡನ ಹಿಂದೆ ಇಡೀ ದಂಡು. ಕಾರೆಮುಳ್ಳಿನ ಪೊದೆ ನುಗ್ಗಿತು ನಾಯಿ, ಬಂಡೆ ಮೇಲೆ ದರದರ ಎಳೀತು, ಕಟ್ಟೆ ನೀರಿಗೆ ಬಿತ್ತು, ಎದ್ದಿತು, ಕೆಸರಲ್ಲಿ ಹೊರಳಿತು. ಕೊನೆಗೆ ಹುಣಸೆಮರದಡಿ ಕೂತು, ತೆರೆದಿದ್ದ ಮುಚ್ಚಳದೊಳಗೆ ಮೂತಿ ಇಟ್ಟು ನೆಕ್ಕಿತು. ಮಿಕ್ಕ ಎರಡನ್ನೂ ದುಂಡನೇ ತೆರೆದು ಹಿಡಿದ. "ತಿನ್ನಣ್ಣಾ, ತಿಂದ್ಮೇಲೆ ಕೊಡು" ಅಂತ. ಒಂಚೂರೂ ಬಿಡದೆ ನೆಕ್ಕಿ ತೇಗಿತು ನಾಯಿ.

ಸುಬೇದಾರರು ಚೀಲ ಎತ್ತಿಕೊಂಡ್ರು. ತಿರುಗಿಸಿ ನೋಡಿದ್ರು. ಪಟ್ಟಿ ಮೇಲೆ ನಾಲ್ಕು ಹಲ್ಲಿನ ಗುರುತು, ಅಷ್ಟೇ. ಒಂದು ಎಳೇನೂ ಬಿಚ್ಚಿಲ್ಲ! ಒಂದು ಡಬ್ಬೀನೂ ಬಿದ್ದಿಲ್ಲ! ಕೈ ಹಾಕಿದ್ರು, ಜಾರಿ ಬಂತು. ಅವರು ಪೇಟೆ ಚೀಲಕ್ಕೂ ಒಂದು ಮುದ್ದೆ ಮೆತ್ತಿಸಿ ಟೈಗರ್ ಮುಂದೆ ಹಾಕಿಸಿದ್ರು. ಪರ್ರ್! ಅಷ್ಟೇ. ಬಟನ್ನು ಒಂದು ಕಡೆ, ಪಟ್ಟಿ ಒಂದು ಕಡೆ.

"ಏಳಮ್ಮಾ, ನಿಮ್ಮ ಚೀಲಾನ ನಾಯೀನೇ ಪಾಸು ಮಾಡ್ತು" ಅಂದ್ರು ಸುಬೇದಾರರು. "ಒಳಗೆ ದಪ್ಪ ಬಟ್ಟೆ ಅಸ್ತರಿ ಒಂದು ಕೊಡಿ, ಸದ್ದಾಗದ ಹಾಗೆ." ಆಮೇಲೆ ದುಂಡನ ಕಡೆ ತಿರುಗಿ, ಕೈಲಿದ್ದ ಮಾದರಿ ಎತ್ತಿ ಹಿಡಿದು, "ಕೇಳೋ, ಇನ್ನೂರೂ ಇದರ ಹಾಗೇ ಇರಬೇಕು. ಒಂದಕ್ಕೂ ಇನ್ನೊಂದಕ್ಕೂ ವ್ಯತ್ಯಾಸ ಕಾಣಬಾರದು!" ಅಂದ್ರು.

"ಕಾಣಲ್ಲ ಬುದ್ಧೀ!"

ಎರಡು ತಿಂಗಳು ಮಿಷನ್ನು ಗಡಗಡ ಅಂತು. ಇನ್ನೂರು ಚೀಲ ಆಯ್ತು, ಅಸ್ತರಿ ಸಮೇತ. ಸುಬೇದಾರರು ಬಂದು ಒಯ್ಯೋ ದಿನ. ಸಣ್ಣತಾಯಮ್ಮ ಅವರಿಗೆ ಎಲೆಅಡಿಕೆ ತರೋಕೆ ಅಂಗಡಿಗೆ ಹೊರಟಳು. "ದುಂಡಾ, ಮಾದರಿ ಪಕ್ಕದಲ್ಲಿಟ್ಟು ಒಂದೊಂದನ್ನೂ ನೋಡ್ತಿರು."

ದುಂಡ ನೋಡಿದ. ಮಾದರಿ ನೋಡಿದ, ಹೊಸದು ನೋಡಿದ. ಎದೆ ಧಸಕ್ ಅಂತು. ಮಾದರಿ ಪಟ್ಟಿ ಮೇಲೆ ನಾಲ್ಕು ಹಲ್ಲಿನ ಗುರುತು. ಹೊಸದರ ಮೇಲೆ? ಒಂದೂ ಇಲ್ಲ!

"ಅಯ್ಯೋ, ನಮ್ಮವ್ವ ಮರ್ತುಬಿಟ್ಟವಳೆ!"

ಸಣ್ಣತಾಯಮ್ಮ ಎಲೆಅಡಿಕೆ ಹಿಡ್ಕೊಂಡು, ದಾರೀಲಿ ಸಿಕ್ಕ ಸುಬೇದಾರರ ಜೊತೆ ಮನೆ ಮುಂದೆ ಬಂದು ನಿಂತಳು. ಎಲೆ ಕೈಯಿಂದ ಜಾರಿ ಬಿತ್ತು. ಒಲೆ ಮೇಲೆ ಕೊಪ್ಪರಿಗೆ. ಅಂಗಳದ ತುಂಬ ಊರ ನಾಯಿ, ಕೇರಿ ನಾಯಿ, ಪಕ್ಕದೂರ ನಾಯಿ. ಒಂದೊಂದು ನಾಯಿ ಬಾಯಲ್ಲೂ ಒಂದೊಂದು ಮುದ್ದೆ ಮೆತ್ತಿದ ಚೀಲ. ನಡುವೆ ದುಂಡ ನಿಂತು, "ನಾಲ್ಕೇ ಗುರುತು! ಲೋ ಕರಿಯಾ, ಐದಾಯ್ತು ಬಿಡೋ!" ಅಂತ ಕೂಗ್ತಾವ್ನೆ.

ಸುಬೇದಾರರು ಒಂದು ಚೀಲ ಎತ್ತಿದ್ರು, ಎಳೆದ್ರು, ತಿರುಗಿಸಿದ್ರು. ಇನ್ನೊಂದು ಎತ್ತಿದ್ರು. ಹತ್ತು ನೋಡಿದ್ರು, ಇಪ್ಪತ್ತು ನೋಡಿದ್ರು. ಆಮೇಲೆ ಅಂಗಳದಲ್ಲೇ ಕೂತು ಕಣ್ಣಲ್ಲಿ ನೀರು ಬರೋ ಹಾಗೆ ನಕ್ಕರು. "ಇನ್ನೂರಕ್ಕೆ ಇನ್ನೂರೂ ಪಾಸು ಕಣಮ್ಮಾ! ಇಷ್ಟು ಪರೀಕ್ಷೆ ಆದ ಚೀಲ ಯಾವ ದಂಡಲ್ಲೂ ಇಲ್ಲ. ಕಟ್ಕೊಳ್ಳಿ ಗಂಟು, ಬನ್ನಿ ಕೊಠಡಿಗೆ!"

ಆಮೇಲೆ? ಆಮೇಲೆ ಸಣ್ಣತಾಯಮ್ಮ ಮಿಷನ್ನು ಗಾಡಿಗೇರಿಸಿ ಬೆಟ್ಟದ ಮೇಲೆ ಕೊಠಡಿ ಸೇರಿದಳು, ಅಳೋದು ಬಿಟ್ಟಳು, ಬೈಯೋದು ಬಿಡಲಿಲ್ಲ. ಅವಳ ತಮ್ಮ ತನ್ನ ಎಮ್ಮೆ ತಾನೇ ಕಾಯ್ತಾ ಉಳಿದ. ದಂಡಿನವರಿಗೆ ಚೀಲ ಹತ್ತು ವರ್ಷ ಬಾಳಿತು. ಒಂದೇ ತೊಂದರೆ. ಸದ್ದಿಲ್ಲದೆ ಕಳ್ಳನನ್ನ ಹಿಡೀಬೇಕು ಅಂತ ಹೊರಟ್ರೆ, ಮೊದಲ ವರ್ಷವೆಲ್ಲ ಮುದ್ದೆ ವಾಸನೆಗೆ ಹಿಂದಿನಿಂದ ನಲವತ್ತು ನಾಯಿ. ಟೈಗರ್ ಅಂತೂ ದುಂಡನ ಕೊಠಡಿ ಬಾಗಿಲಲ್ಲೇ ಮುದಿಯಾಯ್ತು. ಸುಬೇದಾರರು ಪಿಂಚಣಿ ತಗೊಂಡು ಊರಿಗೆ ಹೋದ್ರು.

ದುಂಡನಾ? ಸಣ್ಣತಾಯಮ್ಮ ಹೊಸ ಮಾದರಿ ಹೊಲಿದಾಗಲೆಲ್ಲ ಅವನು ಅದನ್ನ ತಗೊಂಡು, ಆರು ಹರದಾರಿ ನಡೆದು, ಪಿಂಚಣಿ ಸುಬೇದಾರರ ಮನೆಗೆ ಹೋಗ್ತಾನೆ. ಅವರು ಊಟಕ್ಕೆ ಕೂರೋ ತನಕ ಜಗಲಿ ಮೇಲೆ ಕಾಯ್ತಾನೆ. ಕೈಗೆ ಸಾರು ಹತ್ತಿದ್ದು ನೋಡ್ಕೊಂಡು ಒಳಗೆ ಹೋಗಿ, ಬೆರಳು ಬಿಡಿಸಿ, ಕೈಗೇ ಕೊಡ್ತಾನೆ. ಇನ್ನು ಸಾಕು ಅಂತ ಅವನಿಗೆ ಯಾರೂ ಹೇಳಿಲ್ವಲ್ಲ!