ಅಂಬಲಿಗಂಡಿಯ ಮಾಳಿಂಗ

ಬಹಳ ಹಿಂದೆ, ನಮ್ಮಜ್ಜನ ಅಜ್ಜನೂ ಕಣ್ಣು ಬಿಡದ ಕಾಲದಲ್ಲಿ, ಕೆಂಗಲ್ಲ ಎಂಬ ಒಂದೂರಿನಲ್ಲಿ ಮಾಳಿಂಗನೆಂಬ ಕಲ್ಲುಕುಟಿಗನಿದ್ದನಂತೆ. ಅವನು ಉಳಿ ಇಟ್ಟರೆ ಬಂಡೆ ತಾನಾಗಿ ದಾರಿ ಬಿಡುತ್ತಿತ್ತಂತೆ. ನಂಬುವುದು ಬಿಡುವುದು ನಿಮಗೆ ಸೇರಿದ್ದು. ಆದರೆ ಅವನು ಕಟ್ಟಿದ ಕೋಟೆಗೋಡೆಯ ಸಂದಿಯಲ್ಲಿ ಇವತ್ತಿಗೂ ಹುಲ್ಲುಕಡ್ಡಿ ತೂರುವುದಿಲ್ಲ, ಬೇಕಿದ್ದರೆ ಹೋಗಿ ನೋಡಿ.

ಊರ ಧಣಿ ಕೋಟೆ ಕಟ್ಟಿಸುವಾಗ ಬಾಗಿಲಿನ ಕೆಲಸವನ್ನು ಮಾಳಿಂಗನಿಗೇ ಒಪ್ಪಿಸಿದನಂತೆ. ಆನೆ ಓಡಿ ಬಂದು ಗುದ್ದಬಾರದೆಂದು ಅವನು ದಾರಿಯನ್ನು ಹೊರಳಿಸಿ ಹೊರಳಿಸಿ ತಂದ. ಕದಕ್ಕೆ ಕಬ್ಬಿಣದ ಮುಳ್ಳು ಹೊಡೆಸಿದ. ಕದದ ನೆತ್ತಿಯ ಮೇಲೊಂದು ಗಂಡಿ ಕೊರೆದ. ವೈರಿ ಬಾಗಿಲಿಗೆ ಬಂದರೆ ಊರ ಹೆಂಗಸರು ಅದರಿಂದ ಕುದಿಯುವ ಜೋಳದ ಅಂಬಲಿ ಸುರಿಯಬೇಕು. ನೀರಾದರೆ ಹರಿದುಹೋಗುತ್ತದೆ, ಅಂಬಲಿ ಮೈಗೆ ಹತ್ತಿಕೊಳ್ಳುತ್ತದೆ. ಇಣುಕಿದವರ ಕಣ್ಣಿಗೆ ಬಾಣ ನೆಡಬಾರದೆಂದು ಗಂಡಿಯನ್ನು ಓರೆಯಾಗಿ ಕೊರೆದನಂತೆ. ಮೇಲಿದ್ದವರಿಗೆ ಕೆಳಗಿನವರು ಕಾಣುವುದಿಲ್ಲ, ಕೂಗಿದರೂ ಕೇಳುವುದಿಲ್ಲ.

ಅವನ ಹೆಂಡತಿ ನಿಂಬೆವ್ವ ಅದನ್ನು ನೋಡಿ, "ಕೆಳಗ ಯಾರದಾರ ಅಂತ ನಮಗ ಹೆಂಗ ತಿಳೀಬೇಕು?" ಅಂದಳಂತೆ.

"ತಿಳೀಬಾರ್ದು ಅಂತನ ಹಂಗ ಕೊರದೇನಿ. ತಿಳದ್ರ ನಿಮ್ಮ ಕೈ ನಡಗತಾವು" ಅಂದನಂತೆ ಮಾಳಿಂಗ. ಆ ಗಂಡಿಯ ಮೇಲೆ ಅವನಿಗೆ ಅಷ್ಟು ಹೆಮ್ಮೆ.

ಕದದ ಹೊರಗೆ ಪಕ್ಕದಲ್ಲಿ, ಕಾವಲುಗಾರ ಮಳೆಗೆ ನಿಲ್ಲಲೆಂದು ಗೋಡೆಯಲ್ಲೊಂದು ಗೂಡಿತ್ತು. ಅದರೊಳಗೆ ನಿಂತವರ ಮೇಲೆ ಮಾತ್ರ ಅಂಬಲಿಯ ಹನಿ ಬೀಳುವುದಿಲ್ಲ. ಆ ಗುಟ್ಟು ಗೊತ್ತಿದ್ದದ್ದು ಮಾಳಿಂಗನಿಗೆ ಮತ್ತು ಅವನ ಜೊತೆ ಕಲ್ಲು ಕಡಿದ ಒಬ್ಬನೇ ಮಗ ಭರಮನಿಗೆ.

ಭರಮ ಉಳಿ ಹದ ಮಾಡಿಸಲು ಕಮ್ಮಾರರ ಊರಿಗೆ ಹೋದಾಗಲೇ ದಂಡು ಬಂತಂತೆ. ಕೋಟೆಯ ಕದ ಮುಚ್ಚಿತು. ಒಮ್ಮೆ ಮುಚ್ಚಿದರೆ ದಂಡು ಹೋಗುವ ತನಕ ಯಾರಿಗೂ ತೆಗೆಯುವ ಹಾಗಿಲ್ಲ. ನಿಂಬೆವ್ವನಿಗೆ ಅನ್ನ ಸೇರದಾಯಿತು. ಮಗ ಕಮ್ಮಾರರ ಮನೆಯಲ್ಲಿ ಬೆಚ್ಚಗಿದ್ದಾನೆಂದು ಮಾಳಿಂಗ ಅವಳಿಗೆ ಹೇಳಿದ, ತನಗೂ ಹೇಳಿಕೊಂಡ.

ಆದರೆ ವೈರಿ ಜಾಣ, ಪಾಪಿ. ಸುತ್ತಲ ಹಳ್ಳಿಗಳ ಬಡವರನ್ನು ಹಿಡಿದು, ಹೆಗಲ ಮೇಲೆ ಮರದ ದಿಮ್ಮಿ ಹೊರಿಸಿ, ಅವರನ್ನೇ ಮುಂದೆ ಬಿಟ್ಟು ಕದ ಗುದ್ದಿಸಿದನಂತೆ. ಮೇಲಿನವರಿಗೆ ಗುದ್ದು ಗೊತ್ತಾಯಿತು, ಗುದ್ದುವವರು ಗೊತ್ತಾಗಲಿಲ್ಲ. ಮಾಳಿಂಗ ಕೈಯೆತ್ತಿ ಸನ್ನೆ ಮಾಡಿದ. ಮೊದಲ ಕೊಪ್ಪರಿಗೆ ಸುರಿದವಳು ನಿಂಬೆವ್ವ.

ಹೊತ್ತು ಮುಳುಗುವ ಮೊದಲೇ ದಂಡು ಕಾಲ್ತೆಗೆಯಿತಂತೆ. ಊರು ಉಳಿಯಿತು, ಕೊಂಬು ಊದಿದರು, ಕದ ತೆಗೆದರು. ನೋಡಿದರೆ ಆ ಗೂಡಿನೊಳಗೆ ಹಳ್ಳಿಯ ಮುದುಕರು ಒಬ್ಬರಿಗೊಬ್ಬರು ಅಂಟಿಕೊಂಡು ಜೀವ ಹಿಡಿದು ನಿಂತಿದ್ದರು. ಗೂಡಿನ ಬಾಯಿಗೆ ಅಡ್ಡವಾಗಿ, ಎರಡೂ ಕೈ ಗೋಡೆಗೆ ಕೊಟ್ಟು, ಬೆನ್ನು ಹೊರಗೆ ಮಾಡಿ ಒಬ್ಬ ನಿಂತಲ್ಲೇ ಕುಸಿದಿದ್ದ. ಭರಮ. ಊರಿಗೆ ಮರಳುವ ದಾರಿಯಲ್ಲಿ ವೈರಿಯ ಕೈಗೆ ಸಿಕ್ಕಿಬಿದ್ದವನು. ಅವರನ್ನೆಲ್ಲ ಒಳಗೆ ನೂಕಿದ ಮೇಲೆ ಅವನಿಗೆ ಜಾಗ ಉಳಿಯಲಿಲ್ಲವಂತೆ.

"ಅಪ್ಪಾ, ನಾ ಭರಮ ಅದೇನಿ" ಅಂತ ಕೊನೆಯ ತನಕ ಕೂಗಿದನೆಂದು ಆ ಮುದುಕರು ಅಳುತ್ತಾ ಹೇಳಿದರಂತೆ.

ಮಗನ ಮಣ್ಣು ಮುಗಿಸಿ ಬಂದವನೇ ಮಾಳಿಂಗ ಸುತ್ತಿಗೆ ಹಿಡಿದು ಕೋಟೆ ಹತ್ತಿದನಂತೆ. ಓರೆ ಗಂಡಿಯನ್ನು ಒಡೆದು ಒಡೆದು ನೇರ ಮಾಡಿದ. ಧಣಿ ಓಡಿ ಬಂದು, ಕೋಟೆ ಕೆಡಿಸುತ್ತೀಯಾ ಎಂದು ಗದರಿದ.

"ಯಾರ ಮ್ಯಾಲೆ ಸುರೀತೀವಿ ಅನ್ನೂದು ಕಾಣಬೇಕ್ರೀ ಧಣಿ" ಅಂದನಂತೆ ಮಾಳಿಂಗ. ಧಣಿ ತಲೆ ತಗ್ಗಿಸಿಕೊಂಡು ಇಳಿದು ಹೋದ. ಮಾಳಿಂಗ ಆಮೇಲೆ ಉಳಿ ಮುಟ್ಟಲಿಲ್ಲವಂತೆ.

ಈಗ ಕೋಟೆ ಹಾಳುಬಿದ್ದಿದೆ, ನೇರ ಮಾಡಿದ ಗಂಡಿ ಹಾಗೇ ಇದೆ. ಕೆಂಗಲ್ಲದ ಹೆಂಗಸರು ಇವತ್ತಿಗೂ ಗಂಜಿ ಬಸಿದರೂ ಬಿಸಿನೀರು ಚೆಲ್ಲಿದರೂ ಮೊದಲು, "ಭರಮಾ, ಸರೀಯಪ್ಪಾ" ಅನ್ನುತ್ತಾರೆ. ಒಬ್ಬ ಮನುಷ್ಯ ಪಕ್ಕಕ್ಕೆ ಸರಿಯುವಷ್ಟು ಹೊತ್ತು ತಡೆದು ಆಮೇಲೆ ಚೆಲ್ಲುತ್ತಾರೆ. ಹೊಸದಾಗಿ ಬಂದ ಸೊಸೆಯರು ಮೊದಮೊದಲು ನಗುತ್ತಾರೆ, ಆಮೇಲೆ ಅವರೂ ಅನ್ನುತ್ತಾರೆ.

ಹಾಗೆ ಮೊದಲು ಕರೆದವಳು ನಿಂಬೆವ್ವ. ಆದರೆ ಅವಳು ಕರೆದು, ಪಾತ್ರೆ ಹಿಡಿದು ನಿಂತೇ ಇರುತ್ತಿದ್ದಳಂತೆ, ನೀರು ತಣ್ಣಗಾಗುವ ತನಕ.