ದೋಣಿ ಹತ್ತಿದ ಗುಡ್ಡ

ನಾರ್ಮಂಡಿಯಲ್ಲಿ ಸೇನ್ ನದಿ ಕಡಲು ಸೇರುವುದಕ್ಕೆ ಎರಡು ಹರದಾರಿ ಮುಂಚೆ ಒಂದು ಬೋಳು ಸುಣ್ಣಕಲ್ಲಿನ ಗುಡ್ಡವಿದೆ. ನೀರಿನ ಅಂಚಿನಿಂದ ನೆತ್ತಿಯವರೆಗೆ ಅಗಲವಾದ ತಗ್ಗೊಂದು ನೆಟ್ಟಗೆ ಹತ್ತಿಹೋಗಿದೆ. ಇದು ಮಳೆನೀರು ಕೊರೆದದ್ದಲ್ಲ, ದೋಣಿ ಎಳೆದ ಜಾಡು ಎಂದು ಊರ ಹಿರಿಯರು ಎದೆ ತಟ್ಟಿ ಹೇಳುತ್ತಾರೆ. ಋಷಿಮೂಲ, ನದಿಮೂಲ ಕೇಳಬಾರದೆಂದು ನಮ್ಮಲ್ಲಿ ಗಾದೆ. ಆ ಸೀಮೆಯವರಾದರೆ ದೊರೆಮೂಲವನ್ನೂ ಅದಕ್ಕೆ ಸೇರಿಸಿಯಾರು. ಅವರ ದೊರೆಗಳ ಮೂಲಪುರುಷರು ಬಡಗಣ ಹಿಮದ ನಾಡಿನಿಂದ ದೋಣಿಯಲ್ಲಿ ಬಂದು ಊರು ಸುಟ್ಟು ದೋಚಿದ ವೈಕಿಂಗರಲ್ಲವೇ!

ಹಿಂದೆ ಒಮ್ಮೆ ಈ ಗುಡ್ಡದ ಮೇಲಿನ ಕೋಟೆಮನೆಯಲ್ಲಿ ಒಸ್ಬರ್ನ್ ಎಂಬ ಪಾಳೆಯಗಾರನಿದ್ದ. ಅವನ ಅಜ್ಜ ದೋಚಲು ಬಂದವನು. ಕಾಟ ತಾಳಲಾರದೆ ಫ್ರಾಂಕರ ಅರಸ ಬಿಟ್ಟುಕೊಟ್ಟ ನೆಲದಲ್ಲಿ ಬೇರೂರಿದವನು. ಮೊಮ್ಮಗನ ಕಾಲಕ್ಕೆ ಮಾತು ಫ್ರಾಂಕರದು, ಉಡುಗೆ ಫ್ರಾಂಕರದು, ದೇವರೂ ಅವರದೇ. ಈಗ ಹೆಣ್ಣೂ ಅವರ ದೊಡ್ಡ ಮನೆತನದಿಂದ ಬರುವುದರಲ್ಲಿತ್ತು. ಕಡಲಗಳ್ಳನ ಮೊಮ್ಮಗನೆಂದು ಬೀಗರು ಮೂಗು ಮುರಿದಾರೆಂಬ ಅಂಜಿಕೆಯಿಂದ, ಹಳೆಯ ಭಾಷೆ ಮನೆಯಲ್ಲಿ ಯಾರೂ ಆಡಕೂಡದೆಂದು ಕಟ್ಟಪ್ಪಣೆ ಮಾಡಿದ್ದ. ಜೊಂಡಿನ ನಡುವೆ ಬಿದ್ದಿದ್ದ ಅಜ್ಜನ ದೋಣಿಯನ್ನು ಸೌದೆ ಮಾಡಿಬಿಡಿ ಎಂದೂ ಹೇಳಿದ್ದ. ಅಷ್ಟರಲ್ಲಿ, ತಾಯಿಯಿಲ್ಲದ ಅವನನ್ನು ಸಾಕಿ ಬೆಳೆಸಿದ, ಅಜ್ಜನ ಹೆಂಡತಿ ತೋರಾಜ್ಜಿ ಜ್ವರದಲ್ಲಿ ಮಲಗಿದಳು. ಜ್ವರ ಬಿಟ್ಟಾಗ ಫ್ರಾಂಕರ ಮಾತು ಅವಳಿಗೆ ಪೂರಾ ಮರೆತುಹೋಗಿತ್ತು. ಹುಟ್ಟೂರಿನ ಭಾಷೆಯಲ್ಲಿ ಏನೋ ಒಂದನ್ನೇ ಮತ್ತೆ ಮತ್ತೆ ಕೇಳುವಳು. ತುತ್ತು ತಂದರೆ ಮುಖ ತಿರುಗಿಸುವಳು. ಹೀಗೇ ಮೂರು ದಿನ. ಅವಳ ಮಾತು ಒಸ್ಬರ್ನನಿಗೆ ತಿಳಿಯದು. 'ಥೂ, ನನ್ನ ಅಪ್ಪಣೆಗಿಷ್ಟು ಬೆಂಕಿ ಬೀಳ' ಎಂದು ತನ್ನನ್ನೇ ಬೈದುಕೊಂಡು, ಆ ಭಾಷೆ ಬಲ್ಲ ಗ್ರಿಮ್ ಎಂಬ ಮುದಿ ಬೆಸ್ತನನ್ನು ಕರೆಸಿದ.

ಗ್ರಿಮ್ ಅವಳ ಬಾಯಿಗೆ ಕಿವಿಯಿಟ್ಟು ಕೇಳಿ ಕಣ್ಣೊರೆಸಿಕೊಂಡ. "ದೋಣಿ ಮೇಲೆ ಬಂತಾ ಅಂತ ಕೇಳ್ತಿದ್ದಾರೆ ಬುದ್ಧಿ. ಉಬ್ಬರದ ನೀರು ಮುಟ್ಟದ ಕಡೆಗೆ ಗಂಡಸರು ದೋಣಿ ಎಳೆದು ಹಾಕೋವರೆಗೂ ನಮ್ಮ ಹೆಂಗಸರು ತುತ್ತು ಮುಟ್ಟೋರಲ್ಲ." ಇಷ್ಟೇ ತಾನೆ ಎಂದುಕೊಂಡ ಒಸ್ಬರ್ನ್, 'ಬಂತು' ಎಂಬುದನ್ನು ಆ ಭಾಷೆಯಲ್ಲಿ ಕಲಿತು ಅವಳಿಗೆ ಹೇಳಿದ. ಅಜ್ಜಿ ಅವನ ಎರಡೂ ಅಂಗೈ ಹಿಡಿದು ಸವರಿದಳು. ಬೆಣ್ಣೆಯಂಥ ಕೈ, ಹಗ್ಗ ಉಜ್ಜಿದ ಗುರುತೇ ಇಲ್ಲ. ಕೈಬಿಟ್ಟು ಗೋಡೆಯ ಕಡೆ ಹೊರಳಿದಳು.

ಬೀಗರು ಬರುವ ದಿನವೂ ಅದೇ ಆಗಿತ್ತು. ನಾಳೆ ಎಳೆದರಾಯಿತು ಎಂದ ಪಾರುಪತ್ಯಗಾರ. ನಾಳೆಗೆ ಅವಳಿರಬೇಕಲ್ಲ! ಒಸ್ಬರ್ನ್ ಜರಿಯ ಮೇಲಂಗಿ ಕಳಚಿ ಎಸೆದು, ಇನ್ನೂ ಕೊಡಲಿ ಬೀಳದಿದ್ದ ದೋಣಿಯ ಕೆಳಗೆ ಉರುಳಲು ದಿಮ್ಮಿಗಳನ್ನು ಹಾಕಿಸಿ, ಮುಂದಿನ ಹಗ್ಗವನ್ನು ತಾನೇ ಹೆಗಲಿಗೆ ಹಾಕಿಕೊಂಡ. ಅಜ್ಜಿಯ ಕಿಟಕಿಗೆ ಕಾಣಬೇಕೆಂದು ಅವನೂ ಆಳುಗಳೂ ನೆತ್ತಿಗೇ ಎಳೆಯತೊಡಗಿದರು. ಅರ್ಧ ಗುಡ್ಡಕ್ಕೆ ಬರುವಷ್ಟರಲ್ಲಿ ಹೆಣ್ಣಿನ ತಂದೆ ಪರಿವಾರ ಸಮೇತ ಎದುರಾದ.

"ಏನಪ್ಪಾ ಇದು ಅವತಾರ?"

"ನಮ್ಮಜ್ಜ ನಿಮ್ಮ ಊರುಗಳನ್ನ ದೋಚೋಕೆ ಬಂದ ದೋಣಿ ಇದು. ನಮ್ಮಜ್ಜಿ ಹಸಿದಿದ್ದಾಳೆ. ದಾರಿ ಬಿಡಿ."

ಬೀಗ ಕೆಂಡವಾಗಿ ಬಂದ ದಾರಿಗೆ ಕುದುರೆ ತಿರುಗಿಸಿದ. ಹೊತ್ತು ಇಳಿಯುವ ಮುಂಚೆ ದೋಣಿ ನೆತ್ತಿ ಸೇರಿತು. ಒಸ್ಬರ್ನ್ ಒಳಗೆ ಹೋಗಿ ಅವಳ ಮುಂದೆ ಕೈ ಚಾಚಿದ. ಸುಲಿದು ರಕ್ತ ಒಸರುತ್ತಿದ್ದ ಅಂಗೈಗಳನ್ನು ಅಜ್ಜಿ ಮುಟ್ಟಿ ನೋಡಿದಳು, ಉಫ್ ಉಫ್ ಎಂದು ಊದಿದಳು. ಹಾಲಿನಲ್ಲಿ ನೆನೆಸಿದ ರೊಟ್ಟಿಯ ಮೊದಲ ಚೂರನ್ನು ಅವನ ಬಾಯಿಗಿಟ್ಟು, ಎರಡನೆಯದನ್ನು ತಾನು ತಿಂದಳು. ಅಷ್ಟು ದೊಡ್ಡ ಆಳು ಅವಳ ಮಡಿಲಲ್ಲಿ ತಲೆಯಿಟ್ಟು ಬಿಕ್ಕಿಬಿಕ್ಕಿ ಅತ್ತನಂತೆ. ಅವಳು ಇನ್ನೊಂದು ಚಳಿಗಾಲ ಬದುಕಿದಳೆಂದೂ, ಅಷ್ಟರಲ್ಲಿ ಅವನು ಗ್ರಿಮನ ಬಳಿ ಅವಳ ಭಾಷೆ ಕಲಿತು ದಿನವೂ ಅವಳೊಂದಿಗೆ ಹರಟುತ್ತಿದ್ದನೆಂದೂ ಹೇಳುತ್ತಾರೆ.

ದೋಣಿ ಎಂದೋ ಮಣ್ಣಾಯಿತು. ಗುಡ್ಡದ ಬುಡದ ಪುಟ್ಟ ಇಗರ್ಜಿಯಲ್ಲಿ ಆ ವಂಶದವರ ಗೋರಿಗಳಿವೆ, ಗೋರಿಗಳ ಮೇಲೆ ಮಲಗಿದ ಕಲ್ಲಿನ ದೊರೆಗಳಿದ್ದಾರೆ. ಎಲ್ಲರೂ ಎದೆಯ ಮೇಲೆ ಕೈ ಜೋಡಿಸಿಕೊಂಡಿದ್ದರೆ, ಒಸ್ಬರ್ನ್ ಒಬ್ಬ ಮಾತ್ರ ಅಂಗೈಗಳನ್ನು ಮೇಲ್ಮುಖವಾಗಿ ಬಿಚ್ಚಿಟ್ಟಿದ್ದಾನೆ. ಎರಡರಲ್ಲೂ ಅಡ್ಡಕ್ಕೊಂದು ಹಗ್ಗದ ಗೆರೆ. ನೋಡಲು ಬಂದವರು ಬೆರಳಾಡಿಸಿ ಆಡಿಸಿ ನುಣುಪಾಗಿದೆ. ಹಾಗೆ ಕೆತ್ತಿಸಿದವಳು ಅವನ ಹೆಂಡತಿ. ಸಿಟ್ಟಿನಿಂದ ಮನೆಗೆ ಮರಳಿದ ಅಪ್ಪನ ಬಾಯಲ್ಲಿ ನಡೆದದ್ದನ್ನೆಲ್ಲ ಕೇಳಿ, ಮದುವೆಯಾದರೆ ಅವನನ್ನೇ ಎಂದು ಹಟ ಹಿಡಿದು ಬಂದ ಫ್ರಾಂಕರ ಹುಡುಗಿಯೇ ಆಕೆ ಎನ್ನುತ್ತಾರೆ.