ಇಸ್ತ್ರಿಯವನ ಮಗಳ ಹಸಿವು

"ಬುದ್ಧಿ, ಮೂರೇ ಮೂರು ವರ್ಷ ಊರೂರು ತಿರುಗಿ ಪ್ರವಚನ ಮಾಡಿ, ಒಂದಿಷ್ಟು ಹೆಸರು ಮಾಡಿಕೊಂಡು, ಆಮೇಲೆ ಬಂದು ಗವಿಯಲ್ಲಿ ಧ್ಯಾನಕ್ಕೆ ಕೂತರೆ ತಪ್ಪೇನು?" ಎಂದು ಗುರುಶಾಂತ ಕೇಳಿದ.

ಗುರುಶಾಂತ ಮಠಕ್ಕೆ ಬಂದು ಹನ್ನೊಂದು ವರ್ಷವಾಗಿತ್ತು. ಅವನ ಧ್ವನಿ ಚೆನ್ನಾಗಿತ್ತು, ಮಾತೂ ಚೆನ್ನಾಗಿತ್ತು. ಈಚೆಗೆ ಅವನ ಚಿತ್ರವಿರುವ ಫ್ಲೆಕ್ಸುಗಳು ತಾಲ್ಲೂಕಿನ ಸರ್ಕಲ್ಲುಗಳಲ್ಲಿ ಏಳತೊಡಗಿದ್ದವು. ಟೀವಿಯವರೂ ಒಮ್ಮೆ ಬಂದು ಮಾತಾಡಿಸಿ ಹೋಗಿದ್ದರು.

ಗುರುಗಳು ಜಗಲಿಯ ಮೇಲೆ ಕೂತು ಅವರೆಕಾಯಿ ಬಿಡಿಸುತ್ತಿದ್ದರು. ತಲೆ ಎತ್ತಲಿಲ್ಲ.

"ತಪ್ಪು ಅಂತ ನಾನೆಲ್ಲಿ ಹೇಳಿದೆ? ಹಿಡಿದು ಕಟ್ಟಿಹಾಕಲು ನೀನೇನು ಮಠದ ಎತ್ತೇ? ಹೋಗುವೆಯಂತೆ, ಇರು. ಒಂದು ಕತೆ ಹೇಳುತ್ತೇನೆ. ಮಧ್ಯೆ ಬಾಯಿ ಹಾಕಬೇಡ, ನಿನಗೆ ಆ ಚಾಳಿ ಇದೆ" ಎಂದು ಹೇಳಿ ಕತೆ ಶುರುಮಾಡಿದರು.

ಒಂದು ಊರಿನಲ್ಲಿ ಒಬ್ಬ ಇಸ್ತ್ರಿಯವನಿದ್ದ. ಬೀದಿಯ ಮೂಲೆಯಲ್ಲಿ ಒಂದು ತಳ್ಳುಗಾಡಿ, ಗಾಡಿಯ ಮೇಲೊಂದು ಇದ್ದಿಲಿನ ಇಸ್ತ್ರಿಪೆಟ್ಟಿಗೆ. ಅಷ್ಟೇ ಅವನ ಆಸ್ತಿ. ಮನೆಯಲ್ಲಿ ಹೆಂಡತಿ, ಒಬ್ಬಳು ಮಗಳು. ಆ ಮಗಳಿಗೆ ಹಸಿವು ಜಾಸ್ತಿ. ಎಂಥ ಹಸಿವು ಅಂತೀಯ! ಶಾಲೆಯಿಂದ ಬಂದವಳು ಚೀಲ ಇಳಿಸುವ ಮೊದಲೇ ಪಾತ್ರೆಯ ಮುಚ್ಚಳ ತೆಗೆಯುತ್ತಿದ್ದಳು. ಒಂದು ಮುದ್ದೆ ನುಂಗಿ ಅವ್ವನ ಮುಖ ನೋಡುತ್ತಿದ್ದಳು. ಇದ್ದರೆ ಅವ್ವ ಇನ್ನರ್ಧ ಹಾಕುತ್ತಿದ್ದಳು. ಇಲ್ಲದಿದ್ದರೆ ಪಾತ್ರೆಯನ್ನು ಬಗ್ಗಿಸಿ ತೋರಿಸುತ್ತಿದ್ದಳು. ಮಳೆ ಹಿಡಿದು ಗಾಡಿ ನಿಂತ ದಿನ ಮೂವರೂ ಹೊಟ್ಟೆಗೆ ತಣ್ಣೀರು ಬಟ್ಟೆ ಹಾಕಿಕೊಂಡು ಮಲಗುತ್ತಿದ್ದರು.

ಹುಡುಗಿ ಒಂದು ಆಣೆ ಮಾಡಿಕೊಂಡಳು. ದೊಡ್ಡವಳಾಗಿ ದುಡಿಯಬೇಕು, ಅಪ್ಪ ಅವ್ವ ತಾನು ಮೂವರೂ ಒಟ್ಟಿಗೆ ಕೂತು ಹೊಟ್ಟೆ ಬಿರಿಯ ಉಣ್ಣಬೇಕು. ಬಂಗಲೆ ಬೇಕು, ಬಂಗಾರ ಬೇಕು ಅನ್ನಲಿಲ್ಲ ಅವಳು. ಒಂದು ಊಟ, ಅಷ್ಟೇ ಕೇಳಿದ್ದು.

ಅವಳಿಗೆ ಒಂಬತ್ತೋ ಹತ್ತೋ ವರ್ಷವಿದ್ದಾಗ ಒಂದು ಸಂಗತಿ ನಡೆಯಿತು. ಯಾರದೋ ಮನೆಯ ರೇಷ್ಮೆ ಸೀರೆಯ ಸೆರಗನ್ನು ಇಸ್ತ್ರಿಪೆಟ್ಟಿಗೆ ಸುಟ್ಟುಬಿಟ್ಟಿತು. ಸೀರೆಯ ಒಡತಿ ಬೀದಿಯಲ್ಲಿ ನಿಂತು ಬಾಯಿಗೆ ಬಂದಂತೆ ಬೈದಳು. ಇಸ್ತ್ರಿಯವನು ಕೈ ಮುಗಿದು ನಿಂತಿದ್ದ. ಮಗಳು ಪಕ್ಕದಲ್ಲೇ ಇದ್ದಳು. ಆ ಹೆಂಗಸು ಹೋದಮೇಲೆ ಮಗಳು ಕೇಳಿದಳು: "ಆ ಸೀರೆನೇ ಅಷ್ಟು ತೆಳ್ಳಗಿತ್ತಲ್ಲಪ್ಪ, ಹೇಳ್ಬಾರ್ದಿತ್ತಾ?"

"ಬಟ್ಟೆ ತಪ್ಪು ಮಾಡಲ್ಲ ಮಗ" ಅಂದ ಅಪ್ಪ. "ಬಟ್ಟೆ ಕೆಟ್ರೆ ತಪ್ಪು ಯಾವತ್ತೂ ನಮ್ದೇ. ಈ ಮಾತು ಮರೀಬ್ಯಾಡ."

ಇಸ್ತ್ರಿಯವನ ಬಾಯಲ್ಲಿ ಅದು ನ್ಯಾಯವಾದ ಮಾತೇ. ಅಂಥ ಮಾತಿನಿಂದಲೇ ಅವನ ಗಾಡಿಗೆ ಗಿರಾಕಿ ಬರುತ್ತಿತ್ತು. ಮಗಳು ಮರೆಯಲಿಲ್ಲ.

ಶಾಲೆ ಬಿಟ್ಟಮೇಲೆ ಇಸ್ತ್ರಿಯಾದ ಬಟ್ಟೆಗಳನ್ನು ಮನೆಮನೆಗೆ ಕೊಟ್ಟುಬರುವುದು ಅವಳ ಕೆಲಸ. ಮುಂಗೈಗಳ ಮೇಲೆ ನಾಲ್ಕು ಸೀರೆ ಹಾಸಿಕೊಂಡು, ಮಡಿಕೆ ಮುರಿಯದಂತೆ ನಡೆಯಬೇಕು. ಕುತ್ತಿಗೆ ಬಗ್ಗಬಾರದು, ಭುಜ ಅಲುಗಬಾರದು, ಕಾಲು ಎಡವಬಾರದು. ಏಳೆಂಟು ವರ್ಷ ಹಾಗೇ ನಡೆದು ನಡೆದು, ಕೈ ಖಾಲಿ ಇದ್ದಾಗಲೂ ಅವಳ ನಡಿಗೆ ಹಾಗೇ ಆಗಿಹೋಯಿತು. ಬೀದಿಯ ಹುಡುಗಿಯರು "ಮಹಾರಾಣಿ ಬಂದ್ಲು, ದಾರಿ ಬಿಡ್ರೇ" ಎಂದು ಆಡಿಕೊಳ್ಳುತ್ತಿದ್ದರು.

ಬಟ್ಟೆ ಕೊಡಲು ಹೋಗುತ್ತಿದ್ದ ಮನೆಗಳಲ್ಲಿ ಒಂದು, ಉಡುಪಿನ ಅಂಗಡಿ ಇಟ್ಟಿದ್ದ ಒಬ್ಬ ಹೆಂಗಸಿನದು. ಒಂದು ದಿನ ಅವಳು ಬಾಗಿಲಲ್ಲಿ ನಿಂತು ನೋಡಿದಳು. "ಏಯ್ ಹುಡುಗಿ, ಆ ಸೀರೆ ಕೆಳಗಿಟ್ಟು ಇನ್ನೊಂದು ಸಲ ಗೇಟಿನ ತನಕ ನಡಿ" ಅಂದಳು. ಹುಡುಗಿ ನಡೆದಳು. ಮುಂದಿನ ತಿಂಗಳು ಆ ಅಂಗಡಿಯ ಬೋರ್ಡಿನ ಮೇಲೆ ಅವಳ ಚಿತ್ರ ಬಂತು. ಆರು ತಿಂಗಳಿಗೆ ಬಸ್‌ ನಿಲ್ದಾಣದ ಎದುರು ಎರಡಾಳೆತ್ತರದ ಚಿತ್ರ ನಿಂತಿತು. ಹೆಸರೂ ನಿಂತಿತು. ಅದನ್ನು ನೋಡಿ ರಾಜಧಾನಿಯಿಂದ ಕರೆ ಬಂತು.

ಮಾಡೆಲ್ ಅನ್ನುತ್ತಾರೆ ಆ ಕೆಲಸ ಮಾಡುವವರಿಗೆ. ಗೊತ್ತಲ್ಲ? ಬೇರೆಯವರು ಹೊಲಿದ ಬಟ್ಟೆ ತೊಟ್ಟು, ಜನರ ಮುಂದೆ ಹೋಗಿ, ಒಮ್ಮೆ ತಿರುಗಿ, ವಾಪಸು ಬಂದು, ಬಿಚ್ಚಿಕೊಡುವುದು. ಮೂಗು ಮುರಿಯಬೇಡ. ಅದು ಕೆಟ್ಟ ಕೆಲಸ ಅಂತ ನಾನು ಹೇಳುತ್ತಿಲ್ಲ. ದುಡಿದು ತಿನ್ನುವ ಕೆಲಸ ಯಾವುದೂ ಕೆಟ್ಟದ್ದಲ್ಲ. ನಾವಿಬ್ಬರೂ ಬೇರೆಯವರ ಮಾತನ್ನು ತೊಟ್ಟು ಜನರ ಮುಂದೆ ನಡೆಯುವವರೇ.

ರಾಜಧಾನಿಯಲ್ಲಿ ಒಬ್ಬ ವಿನ್ಯಾಸಕಾರನಿದ್ದ. ಅವನು ಹೊಲಿಸಿದ ಉಡುಪು ಅವಳ ಸೊಂಟಕ್ಕೆ ಕೂರಲಿಲ್ಲ, ಬಿಗಿಯಾಯಿತು. ಅವಳ ಜೊತೆಗಿದ್ದ ಇನ್ನೊಬ್ಬಳಿಗೂ ಹಾಗೇ ಆಯಿತು. ಆ ಇನ್ನೊಬ್ಬಳು ನೇರವಾಗಿ, "ಹೊಲಿಗೆ ಬಿಗಿಯಾಗಿದೆ, ಸ್ವಲ್ಪ ಬಿಚ್ಚಿಕೊಡಿ" ಅಂದಳು. ಅವಳನ್ನು ಅವತ್ತೇ ಮನೆಗೆ ಕಳಿಸಿದರು. ಇಸ್ತ್ರಿಯವನ ಮಗಳು ಕೈ ಮುಗಿದಳು. "ಬಟ್ಟೆದೇನೂ ತಪ್ಪಿಲ್ಲ ಸಾರ್, ತಪ್ಪು ನಂದೇ. ಒಂದು ಸ್ವಲ್ಪ ದಿನ ಟೈಮ್ ಕೊಡಿ" ಅಂದಳು.

ವಿನ್ಯಾಸಕಾರನಿಗೆ ಇಂಥ ಮಾತು ಹೇಳುವವಳು ಅದುವರೆಗೆ ಸಿಕ್ಕಿರಲಿಲ್ಲ. ಅವನು ಸಂತೋಷಪಟ್ಟ. ಉಡುಪು ಹಾಗೇ ಇತ್ತು. ಮೈ ಇಳಿಯಿತು. ಅವಳು ಅದನ್ನು ತೊಟ್ಟು ನಡೆದಾಗ ಜನ ಚಪ್ಪಾಳೆ ತಟ್ಟಿದರು.

ದುಡಿಮೆ ಬಂತು. ಅವಳು ಅಪ್ಪ ಅವ್ವನನ್ನು ಊರಲ್ಲಿ ಬಿಡಲಿಲ್ಲ, ರಾಜಧಾನಿಗೇ ಕರೆಸಿಕೊಂಡಳು. ಒಂದು ಮೂಟೆ ರಾಗಿ, ಒಂದು ಮೂಟೆ ಅಕ್ಕಿ ತರಿಸಿ ಅವ್ವನ ಅಡುಗೆಮನೆಯಲ್ಲಿ ಇಳಿಸಿದಳು. ಅವ್ವ ಆ ಮೂಟೆಗಳನ್ನು ಮುಟ್ಟಿ ಮುಟ್ಟಿ ನೋಡಿ ಅತ್ತಳು. ಅವತ್ತೇ ಒಲೆ ಹಚ್ಚಿ, ಮೂರು ತಟ್ಟೆ ಹಾಕಿ ಕರೆದಳು.

"ಇದೊಂದು ಶೋ ಆಗ್ಲಿ ಕಣವ್ವ. ಆಮೇಲೆ ಮೂವರೂ ಕೂತು ಉಣ್ಣೋಣ" ಅಂದಳು ಮಗಳು.

ಅದು ಆಯಿತು. ಅಷ್ಟರಲ್ಲಿ ಇನ್ನೊಂದು ಬಂತು. ಅದರ ಉಡುಪು ಇನ್ನೂ ಎರಡು ಬೆರಳು ಕಿರಿದು. ಉಡುಪು ಕಿರಿದಾದಷ್ಟೂ ವೇದಿಕೆ ದೊಡ್ಡದಾಗುತ್ತ ಹೋಯಿತು. ಮುಂಬಯಿ ಆಯಿತು. ಹಡಗು ವಿಮಾನ ಹೋಗುವ ದೇಶಗಳೆಲ್ಲ ಆದವು. ಪೇಪರಿನಲ್ಲಿ ಅವಳ ಚಿತ್ರ ಬಂದಾಗಲೆಲ್ಲ ಅಪ್ಪ ಆ ಹಾಳೆಯನ್ನು ಇಸ್ತ್ರಿ ಮಾಡಿ, ಸುಕ್ಕು ತೆಗೆದು ಇಡುತ್ತಿದ್ದ. ಅವ್ವ ಅದನ್ನು ಕೈಗೆತ್ತಿಕೊಂಡು, "ಚಂದ ಅವ್ಳೆ. ಕೆನ್ನೆ ಎಲ್ಲೋಯ್ತು ಅಂತ?" ಎನ್ನುತ್ತಿದ್ದಳು. ಪ್ರತಿದಿನ ಮೂರು ತಟ್ಟೆ ಹಾಕುತ್ತಿದ್ದಳು. ಪ್ರತಿದಿನ ಒಂದು ತಟ್ಟೆಗೆ ಅದೇ ಉತ್ತರ ಸಿಗುತ್ತಿತ್ತು: ಇದೊಂದು ಆಗ್ಲಿ ಕಣವ್ವ.

ಹಸಿವು ಸುಮ್ಮನಿರಲಿಲ್ಲ. ಹಸಿವು ನೆಂಟನಿದ್ದ ಹಾಗೆ. ಬಾಗಿಲು ತೆಗೆಯದಿದ್ದರೆ ಮೊದಮೊದಲು ಹೊರಗೆ ನಿಂತು ಕೂಗುತ್ತಾನೆ. ಆಮೇಲೆ ಕೂಗುವುದು ಕಮ್ಮಿ ಮಾಡುತ್ತಾನೆ. ಆಮೇಲೆ ಆ ಬೀದಿಗೇ ಬರುವುದಿಲ್ಲ. ಕೂಗು ನಿಂತ ದಿನ ಆ ಹುಡುಗಿ ಖುಷಿಪಟ್ಟಳು. ಗೆದ್ದೆ ಅಂದುಕೊಂಡಳು, ಪಾಪ.

ಅಪ್ಪನಿಗೆ ತಡೆಯಲಾಗಲಿಲ್ಲ. ಒಂದು ಬೆಳಿಗ್ಗೆ ಅವಳು ಹೊರಟು ನಿಂತಾಗ ಬಾಗಿಲಿಗೆ ಅಡ್ಡ ಬಂದ.

"ಮಗ, ಬಟ್ಟೆನ ಮೈಗೆ ತಕ್ಕಂತೆ ಹೊಲೀತಾರೆ. ಮೈನ ಬಟ್ಟೆಗೆ ತಕ್ಕಂತೆ ಕುಯ್ತಾರಾ?"

"ನೀನೇ ಹೇಳಿದ್ದಲ್ವೇನಪ್ಪ, ಬಟ್ಟೆ ತಪ್ಪು ಮಾಡಲ್ಲ ಅಂತ" ಅಂದಳು ಮಗಳು. ವ್ಯಂಗ್ಯವಾಗಿ ಅನ್ನಲಿಲ್ಲ, ಕಲಿತ ಪಾಠ ಒಪ್ಪಿಸುವ ಹಾಗೆ ಅಂದಳು.

ಅಪ್ಪ ಬಾಗಿಲು ಬಿಟ್ಟು ಪಕ್ಕಕ್ಕೆ ಸರಿದ. ಮಗಳಿಗೆ ಅವನು ಕೆಟ್ಟದ್ದೇನೂ ಕಲಿಸಿರಲಿಲ್ಲ ನೋಡು. ಗಾಡಿಯ ಹತ್ತಿರ ನಿಂತು ಗಾಡಿಯ ಮಾತು ಹೇಳಿದ್ದ. ಅದು ಹೀಗೆ ಬಂದು ತನ್ನ ಮಗಳ ಸೊಂಟವನ್ನು ಹಿಡಿಯುತ್ತದೆ ಅಂತ ಯಾವ ತಂದೆಗೆ ಗೊತ್ತಿರುತ್ತದೆ?

ಕೊನೆಗೆ ಎಲ್ಲಕ್ಕಿಂತ ದೊಡ್ಡ ಪ್ರದರ್ಶನ ಬಂತು. ಎಲ್ಲರೂ ನಡೆದು ಮುಗಿದಮೇಲೆ ಕಟ್ಟಕಡೆಗೆ ಬರುವ ಉಡುಪು ಅವಳದಾಯಿತು. ಅದನ್ನು ತೊಟ್ಟು ನಡೆದಾಗ ಕೂತಿದ್ದವರೆಲ್ಲ ಎದ್ದು ನಿಂತರು. ಅದಕ್ಕಿಂತ ಮೇಲೆ ಹತ್ತಲು ಮೆಟ್ಟಿಲಿರಲಿಲ್ಲ. ಮರುವರ್ಷಕ್ಕೂ ನೀನೇ ಬಾ ಅಂದರು. ಅವಳು, "ಈಗ ಸಾಕು. ಮನೆಗೆ ಹೋಗ್ಬೇಕು" ಅಂದಳು. ಆಡಿದ ಮಾತಿಗೆ ತಪ್ಪಿದವಳಲ್ಲ ಅವಳು. ಆಮೇಲೆ ಅಂದಿದ್ದಳು, ಆ ಆಮೇಲೆಗೆ ಸರಿಯಾಗಿ ಬಂದಳು.

ಮನೆಗೆ ಬರುವಾಗ ಮಧ್ಯಾಹ್ನ. ಕೈಕಾಲು ತೊಳೆದು ನೆಲದ ಮೇಲೆ ಚಕ್ಕಂಬಕ್ಕಳ ಹಾಕಿ ಕೂತಳು. "ಬಡಿಸವ್ವ. ಅಪ್ಪ, ನೀನೂ ಬಾ" ಅಂದಳು.

ಅವ್ವ ಬೆಳಗಿನಿಂದ ಒಲೆಯ ಮುಂದೆ ಇದ್ದಳು. ಬಿಸಿ ಮುದ್ದೆ, ಹುರುಳಿಕಾಳಿನ ಬಸ್ಸಾರು, ಪಲ್ಯ, ಅನ್ನ, ತುಪ್ಪ. ಮೂವರೂ ಕೂತರು. ಮಗಳು ಮುದ್ದೆ ಮುರಿದು, ಸಾರಿಗೆ ಅದ್ದಿ ಬಾಯಿಗಿಟ್ಟಳು. ಅದು ಗಂಟಲಲ್ಲಿ ಇಳಿಯಲಿಲ್ಲ. ಹಿಂದೆ ಚೀಲ ಇಳಿಸುವ ಮೊದಲೇ ಮುದ್ದೆ ನುಂಗುತ್ತಿದ್ದ ಗಂಟಲು ಅದು! ಅವಳ ಕಣ್ಣಲ್ಲಿ ನೀರು ಬಂತು. ಖಾರ ಜಾಸ್ತಿಯಾಯಿತೇನೋ ಎಂದು ಅವ್ವ ಮಜ್ಜಿಗೆ ಅನ್ನ ಕಲಸಿಕೊಟ್ಟಳು. ಅದೂ ಇಳಿಯಲಿಲ್ಲ. ಮಗಳು ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ಸ್ವಲ್ಪ ಹೊತ್ತು ಕಾದಳು.

"ಹಸಿವೇ ಇಲ್ಲ ಕಣವ್ವ" ಅಂದಳು.

"ದಣಿದಿದ್ದೀಯ. ನಾಳೆ ಆಯ್ತದೆ ಬಿಡು" ಅಂದಳು ಅವ್ವ.

ನಾಳೆ ಆಗಲಿಲ್ಲ. ನಾಡಿದ್ದೂ ಆಗಲಿಲ್ಲ. ಹತ್ತು ದಿನ ಹೋಯಿತು, ತಿಂಗಳು ಹೋಯಿತು. ದೊಡ್ಡ ಆಸ್ಪತ್ರೆಗೆ ಸೇರಿಸಿದರು. ಅಲ್ಲಿಯವರು ಮಾಡುವುದನ್ನೆಲ್ಲ ಮಾಡಿದರು. ಕೊಳವೆಯಲ್ಲಿ ಗಂಜಿ ಕಳಿಸಿದರು. ಗಂಜಿ ಒಳಗೆ ಹೋಯಿತು, ಹಸಿವು ಬರಲಿಲ್ಲ. ಅವ್ವ ಕಂಡ ದೇವರಿಗೆಲ್ಲ ಹರಕೆ ಹೊತ್ತಳು. ಮಗಳು ಅಪ್ಪನ ಕೈ ಹಿಡಿದುಕೊಂಡು ಚಿಕ್ಕ ಮಗುವಿನ ಹಾಗೆ ಅತ್ತಳು. "ಅನ್ನ ಐತೆ, ಸಾರು ಐತೆ, ನೀವಿದ್ದೀರಿ. ನಂಗೆ ಹಸಿವು ಕೊಡಿಸಪ್ಪ" ಅಂದಳು.

ಅಯ್ಯೋ, ಅವನು ಎಲ್ಲಿಂದ ಕೊಡಿಸುತ್ತಾನೆ? ಆ ಮಗುವಿಗೆ ಹುಟ್ಟಿದಾಗಿನಿಂದ ಅವನು ಹೇರಳವಾಗಿ ಕೊಟ್ಟದ್ದು ಅದೊಂದನ್ನೇ. ಬೇಡ ಬೇಡವೆಂದರೂ ಕೊಟ್ಟಿದ್ದ. ಈಗ ಕೇಳುತ್ತಿದ್ದಾಳೆ, ಅವನ ಹತ್ತಿರ ಇಲ್ಲ.

ಆಸ್ಪತ್ರೆಯಿಂದ ಮನೆಗೆ ಕರೆತಂದರು. ಅವ್ವ ಮತ್ತೆ ದಿನಾ ಮೂರು ತಟ್ಟೆ ಹಾಕಿದಳು. ಮಗಳು ಉಣ್ಣದೆ ಕೂತಿರುವಾಗ ಹೆತ್ತವರ ಬಾಯಿಗೆ ತುತ್ತು ಹೋಗುತ್ತದೆಯೇ? ಮೂವರೂ ಎದುರುಬದುರು ಕೂರುತ್ತಿದ್ದರು. ಮೂರು ತಟ್ಟೆಯೂ ಹಾಗೇ ಮೇಲೇಳುತ್ತಿದ್ದವು. ಅಡುಗೆಮನೆಯಲ್ಲಿ ರಾಗಿ ಮೂಟೆಗೆ ಹುಳ ಹಿಡಿಯಿತು.

ಗುರುಗಳು ಕತೆ ನಿಲ್ಲಿಸಿ ನೀರು ಕುಡಿದರು.

ಗುರುಶಾಂತ ಇಷ್ಟು ಹೊತ್ತು ತಡೆದುಕೊಂಡಿದ್ದ. ಪ್ರವಚನದ ಧ್ವನಿಯಲ್ಲಿ ಹೇಳಿದ: "ಹಲ್ಲಿದ್ದಾಗ ಕಡಲೆಯಿಲ್ಲ, ಕಡಲೆಯಿದ್ದಾಗ ಹಲ್ಲಿಲ್ಲ ಅಂದ ಹಾಗಾಯಿತು, ಬುದ್ಧಿ."

"ಸಾಕು ಸುಮ್ಮನಿರಯ್ಯ!" ಗುರುಗಳು ಕೈಯಲ್ಲಿದ್ದ ಅವರೆಸಿಪ್ಪೆಯನ್ನು ನೆಲಕ್ಕೆ ಬಿಸಾಡಿದರು. "ಒಂದು ಗಾದೆ ಸಿಕ್ಕಿತು ಅಂದರೆ ನಿನಗೆ ಕತೆಯೇ ಬೇಡ. ವಯಸ್ಸಾಗಿ ಹಲ್ಲು ಉದುರಿದರೆ ಅದು ಗಾದೆ. ಇವಳು ತನ್ನ ಹಲ್ಲನ್ನು ತಾನೇ ಒಂದೊಂದಾಗಿ ಕಿತ್ತುಕೊಟ್ಟಳು. ಒಂದೊಂದಕ್ಕೂ ಜನ ಚಪ್ಪಾಳೆ ತಟ್ಟಿದರು. ನೀನಾಗಿದ್ದರೂ ತಟ್ಟುತ್ತಿದ್ದೆ."

ಗುರುಶಾಂತ ತಲೆ ತಗ್ಗಿಸಿದ. ಈ ಸಲ ತನ್ನ ಸಹಜವಾದ ಧ್ವನಿಯಲ್ಲಿ ಕೇಳಿದ: "ಕಡೆಗಾದರೂ ಹಸಿವು ಬಂತೇ, ಬುದ್ಧಿ?"

"ಬರಲಿಲ್ಲ. ಆ ಚಳಿಗಾಲದಲ್ಲಿ ಹೋಗಿಬಿಟ್ಟಳು. ಮಣ್ಣು ಮಾಡುವ ಮುಂಚೆ ಬಂಧುಗಳು ಬಾಯಿಗೆ ಅಕ್ಕಿ ಹಾಕಲು ಬಂದರು. ಹಾಕುವುದು ಶಾಸ್ತ್ರ ತಾನೇ? ಅವ್ವ ಅವರ ಕೈ ಹಿಡಿದುಕೊಂಡಳು. 'ಬ್ಯಾಡಿ, ನನ್ನ ಕೂಸಿಗೆ ಇನ್ನು ಬಲವಂತ ಮಾಡಬ್ಯಾಡಿ' ಅಂದಳು."

ಗುರುಶಾಂತ ಕಣ್ಣೊರೆಸಿಕೊಂಡ. ಎದ್ದು ಗುರುಗಳ ಪಾದ ಮುಟ್ಟಿದ. ಆದರೂ ಮನಸ್ಸು ತಡೆಯಲಿಲ್ಲ. "ನನ್ನದು ಬರೀ ಮೂರು ವರ್ಷ, ಬುದ್ಧಿ. ಅವಳಷ್ಟು ದೂರ ನಾನು ಹೋಗುವುದಿಲ್ಲ" ಅಂದ.

ಗುರುಗಳು ಮೊದಲ ಸಲ ಅವನ ಮುಖವನ್ನು ನೆಟ್ಟಗೆ ನೋಡಿದರು.

"ಮೂರು ವರ್ಷದ ಮಾತು ಹಾಗಿರಲಿ, ಗವಿಯ ಹಸಿವು ನಿನಗೆ ಇವತ್ತಾದರೂ ಇದೆಯೇ?"

ಗುರುಶಾಂತ ಎದೆಯ ಮೇಲೆ ಕೈ ಇಟ್ಟುಕೊಂಡು, ಆ ಹುಡುಗಿ ಕಾದ ಹಾಗೆ ಕಾದ.